ನೇಸರ ಕಡತ: ಮಂತ್ರವೆಲ್ಲ ಸರಿ, ನೆರಳು ಮಾತ್ರ ಲಂಡನ್ನಿನದು

ಟೇಬಲ್‌ಟಾಪ್ ರೋಲ್‌ಪ್ಲೇಯಿಂಗ್ ಆಟಗಳಿಗೆಂದು, ಅಂದರೆ ಮೇಜಿನ ಸುತ್ತ ಕೂತು ಒಬ್ಬೊಬ್ಬರು ಒಂದೊಂದು ಪಾತ್ರವಾಗಿ ಕಥೆ ಕಟ್ಟುವ ಆಟಗಳಿಗೆಂದು, ಮಾರುವ ‘ಪುರಾತನ ಮಂತ್ರಗ್ರಂಥ’ಗಳಲ್ಲಿ ಹೆಚ್ಚಿನವು ಚಹಾ ಡಿಕಾಕ್ಷನ್ನಿನಲ್ಲಿ ಅದ್ದಿ, ಅಂಚು ಸುಟ್ಟು, ಹಳತು ಮಾಡಿದ ಕಾಗದದ ಕಟ್ಟುಗಳು. ಆಟಗಾರರ ಕೈಯಿಂದ ಕೈಗೆ ಒಂದು ಸುತ್ತು ಹೋಗಿ ಬಂದರೆ ಅವುಗಳ ಕೆಲಸ ಮುಗಿಯಿತು. ‘ನೇಸರ ಕಡತ’ ಆ ಜಾತಿಯದಲ್ಲ. ಇದನ್ನು ಬಿಸಿಲಿಗೆ ಒಯ್ಯದೆ ಆಟ ಒಂದು ಹೆಜ್ಜೆಯೂ ಮುಂದೆ ಹೋಗುವುದಿಲ್ಲ. ದೀಪ ಹಚ್ಚುವುದೇ ಅಪರಾಧವಾಗಿರುವ ಒಂದು ಕಲ್ಪಿತ ನಾಡು, ಅಲ್ಲಿನ ನೇಸರಿಗರು ದೀಪದ ಬೆಳಕಿಗೆ ಓದಲು ಬಾರದಂತೆ ಬರೆದಿಟ್ಟ ಗ್ರಂಥ ಎಂಬುದು ಕಥೆ. ಒಳಗಿರುವ ನಾಲ್ಕು ವಿದ್ಯೆಗಳಿಗೆ ‘ಕಟ್ಟು’ ಎಂದು ಹೆಸರಿಟ್ಟಿದ್ದಾರೆ: ನೆರಳುಕಟ್ಟು, ನೀಲಿಕಟ್ಟು, ಕಿಚ್ಚುಕಟ್ಟು, ಅಡಗುಕಟ್ಟು. ಹೆಸರುಗಳು ಬಾಯಿಗೆ ಚೆನ್ನಾಗಿ ಕೂರುತ್ತವೆ. ಆಟದ ಮಧ್ಯೆ ಯಾರೂ ‘ಸ್ಪೆಲ್’ ಅನ್ನಬೇಕಾಗಿ ಬರುವುದಿಲ್ಲ.

ಪೆಟ್ಟಿಗೆಯಲ್ಲಿ ಬರುವುದು: ಹನ್ನೆರಡು ಮಡಿಕೆಯ ಬಟ್ಟೆ ಕಡತ, ಮೇಲ್ರಟ್ಟಿನಲ್ಲಿ ಕೂರಿಸಿದ ಭೂತಗನ್ನಡಿ, 12 ಸೆಂ.ಮೀ. ಚದರದ ಹಿತ್ತಾಳೆಯ ನೆರಳುಗಡಿಯಾರ, ಕಪ್ಪು ಕವರಿನಲ್ಲಿ ರಸಾಯನ ಸವರಿದ ಆರು ಹಾಳೆ, ಮೂರು ಫಿಲ್ಮ್ ತುಂಡು, ಎರಡು ಬಳಪ, ಆಟ ನಡೆಸಿಕೊಡುವ ಗೇಮ್ ಮಾಸ್ಟರಿಗೆ ಒಂದು ಕಿರುಹೊತ್ತಗೆ. ಬೆಲೆ 3,600 ರೂಪಾಯಿ.

ಒಳ್ಳೆಯದನ್ನು ಮೊದಲು ಹೇಳಿ ಕೊರತೆಯನ್ನು ಕೊನೆಗಿಡುವುದು ವಾಡಿಕೆ. ಇಲ್ಲಿ ಕೊರತೆ ದೊಡ್ಡದು, ಮೊದಲೇ ಹೇಳಿಬಿಡುವುದು ವಾಸಿ. ನೆರಳುಗಡಿಯಾರ ನಮ್ಮ ನಾಡಿಗೆ ಆಗುವುದೇ ಇಲ್ಲ.

ಸಮತಲದ ಮೇಲಿಡುವ ನೆರಳುಗಡಿಯಾರದಲ್ಲಿ ಶಂಕುವಿನ, ಅಂದರೆ ನೆರಳು ಬೀಳಿಸಲು ತಟ್ಟೆಯ ಮೇಲೆ ನಿಲ್ಲಿಸಿದ ತ್ರಿಕೋನದ, ಓರೆ ಅಂಚು ಭೂಮಿಯ ಅಕ್ಷಕ್ಕೆ ಸಮಾನಾಂತರವಾಗಿರಬೇಕು. ಅಂದರೆ ಅದರ ಕೋನ ಊರಿನ ಅಕ್ಷಾಂಶದಷ್ಟೇ ಇರಬೇಕು. ಬೆಂಗಳೂರು, ಮಂಗಳೂರು ಎರಡಕ್ಕೂ ಹೆಚ್ಚುಕಡಿಮೆ 13 ಡಿಗ್ರಿ, ಕಲಬುರಗಿಗೆ 17 ಚಿಲ್ಲರೆ. ಕಡತದ ಶಂಕುವಿಗೆ ಶಾಲೆಯ ಜಾಮೆಟ್ರಿ ಬಾಕ್ಸಿನ ಕೋನಮಾಪಕ ಹಿಡಿದರೆ ಬರುವುದು 51.5. ಬುಡ 8 ಸೆಂ.ಮೀ., ಎತ್ತರ 10 ಸೆಂ.ಮೀ. ಅದು ಲಂಡನ್ನಿನ ಅಕ್ಷಾಂಶ. ಎಲ್ಲಿಂದಲೋ ನಕ್ಷೆ ಇಳಿಸಿಕೊಂಡು, ರೋಮನ್ ಅಂಕಿ ತೆಗೆದು ಕನ್ನಡ ಅಂಕಿ ಕೆತ್ತಿಸಿದ್ದಾರೆ, ಅಷ್ಟೇ. ಅಂಕಿ ಬದಲಾಯಿತು, ಆಕಾಶ ಬದಲಾಗಲಿಲ್ಲ.

ಬೆಂಗಳೂರಿನಲ್ಲಿ ಇದನ್ನು ನೆಲದ ಮೇಲೆ ಚಪ್ಪಟೆಯಾಗಿಟ್ಟು, ಸೂರ್ಯನ ಲೆಕ್ಕದ ಬೆಳಿಗ್ಗೆ ಒಂಬತ್ತಕ್ಕೆ ನೆರಳಿನ ತುದಿ ನೋಡಿ. ಮಾರ್ಚ್ ಮೂರನೇ ವಾರದಲ್ಲಿ ಅದು ತೋರಿಸುವುದು 8:32ರ ಸುಮಾರು. ಜೂನ್ ಕೊನೆಯಲ್ಲಿ 7:27. ಡಿಸೆಂಬರಿನಲ್ಲಿ ತಿರುಗಿಬಿದ್ದು 9:17. ಒಂದೇ ಪ್ರಮಾಣದ ತಪ್ಪಾಗಿದ್ದರೆ ಕೂಡಿಸಿ ಕಳೆದು ಹೊಂದಿಸಿಕೊಳ್ಳಬಹುದಿತ್ತು. ಇದು ಋತುವಿಗೊಂದು ರೀತಿ. ನೆರಳು ಯಾವ ಗೆರೆ ಮುಟ್ಟಿದಾಗ ಯಾವ ಮಡಿಕೆ ಬಿಚ್ಚಬೇಕು ಎಂಬುದರ ಮೇಲೆ ಇಡೀ ಒಗಟು ನಿಂತಿರುವುದರಿಂದ, ಜೂನ್‌ನಲ್ಲಿ ಆಡುವ ತಂಡ ಮೂರನೇ ಮಡಿಕೆಯ ಬದಲು ಒಂದನೇ ಮಡಿಕೆ ಬಿಚ್ಚಿ ಕೂತಿರುತ್ತದೆ, ಯಾಕೆಂದು ಯಾರಿಗೂ ಹೊಳೆಯುವುದಿಲ್ಲ.

ಸರಿಮಾಡಲು ಎರಡು ದಾರಿ. ಸುಲಭದ್ದು, ತಟ್ಟೆಯನ್ನು ಓರೆಯಾಗಿ ಇಡುವುದು. ದಕ್ಷಿಣದ ಅಂಚಿನ ಕೆಳಗೆ 7.5 ಸೆಂ.ಮೀ. ಎತ್ತರದ ಮರದ ತುಂಡು ಕೊಟ್ಟರೆ ತಟ್ಟೆ ಉತ್ತರಕ್ಕೆ 38.5 ಡಿಗ್ರಿ ಬಾಗುತ್ತದೆ, ಶಂಕು 13 ಡಿಗ್ರಿಗೆ ಇಳಿಯುತ್ತದೆ, ಕೆತ್ತಿದ ಗೆರೆಗಳೆಲ್ಲ ಸರಿಯಾಗುತ್ತವೆ. ಆದರೆ ಹಾಗೆ ಬಾಗಿದ ತಟ್ಟೆ ಈಗ ಲಂಡನ್ನಿನ ನೆಲಕ್ಕೆ ಸಮಾನಾಂತರವಾಗಿದೆ ಎಂಬುದು ನೆನಪಿರಲಿ. ಡಿಸೆಂಬರಿನಲ್ಲಿ ಅದರ ಮೇಲೆ ಬಿಸಿಲು ಬೀಳುವುದು ಎಂಟು ದಾಟಿದ ಮೇಲೆ, ನಾಲ್ಕಕ್ಕೆ ಮುಂಚೆಯೇ ಹೋಗಿಬಿಡುತ್ತದೆ. ಊರಲ್ಲಿ ಇನ್ನೂ ರಣಬಿಸಿಲು, ತಟ್ಟೆಯಲ್ಲಿ ಮಾತ್ರ ಲಂಡನ್ನಿನ ಚಳಿಗಾಲದ ಸಂಜೆ.

ಇನ್ನೊಂದು ಶಾಶ್ವತದ ದಾರಿ. ತಟ್ಟೆಯ ಹಿಂಬದಿ ಖಾಲಿಯಿದೆ, ಅದರ ಮೇಲೆ ಹೊಸ ಗೆರೆ ಎಳೆದುಕೊಳ್ಳಿ. 13 ಡಿಗ್ರಿ ಅಕ್ಷಾಂಶಕ್ಕೆ ನಡುಹಗಲಿನ ಗೆರೆಯಿಂದ ಎರಡೂ ಕಡೆ ಅಳೆಯಬೇಕಾದ ಕೋನಗಳು ಹೀಗೆ: 11 ಮತ್ತು 1ಕ್ಕೆ 3.5 ಡಿಗ್ರಿ, 10 ಮತ್ತು 2ಕ್ಕೆ 7.4, 9 ಮತ್ತು 3ಕ್ಕೆ 12.7, 8 ಮತ್ತು 4ಕ್ಕೆ 21.3, 7 ಮತ್ತು 5ಕ್ಕೆ 40, 6ಕ್ಕೆ 90. ಬೇರೆ ಊರಿಗೆ ಬೇಕಾದರೆ ಅಕ್ಷಾಂಶದ ಸೈನ್ ಅನ್ನು ಗಂಟೆಗೆ 15 ಡಿಗ್ರಿಯಂತೆ ಬರುವ ಕೋನದ ಟ್ಯಾನ್‌ನಿಂದ ಗುಣಿಸಿ, ಬಂದದ್ದಕ್ಕೆ ಟ್ಯಾನ್ ಇನ್ವರ್ಸ್ ತೆಗೆಯಿರಿ. ಶಂಕುವಿನ ಬುಡ ಅದೇ 8 ಸೆಂ.ಮೀ. ಇರಲಿ, ಎತ್ತರ 10 ಸೆಂ.ಮೀ. ಅಲ್ಲ, 18.5 ಮಿ.ಮೀ. ಮಾತ್ರ. ನಡುಹಗಲಿನ ಸುತ್ತ ಗೆರೆಗಳು ಒತ್ತೊತ್ತಾಗಿ ಬರುತ್ತವೆ, ಗಾಬರಿಯಾಗಬೇಡಿ. ಸಮಭಾಜಕಕ್ಕೆ ಹತ್ತಿರವಿರುವ ಊರಿನ ನೆರಳುಗಡಿಯಾರ ಇರುವುದೇ ಹಾಗೆ.

ಉತ್ತರ ಗುರುತಿಸಲು ಫೋನಿನ ದಿಕ್ಸೂಚಿ ಸಾಕು, ಆದರೆ ಕವರಿನಲ್ಲಿ ಅಯಸ್ಕಾಂತವಿದ್ದರೆ ಅದು ಮನಸ್ಸಿಗೆ ಬಂದ ಕಡೆ ತೋರಿಸುತ್ತದೆ. ಹಳೆಯ ಉಪಾಯವೇ ವಾಸಿ: ಸಮನೆಲದಲ್ಲಿ ಕೋಲು ನೆಟ್ಟು, ಸುತ್ತ ಒಂದು ವೃತ್ತ ಬರೆದು, ಬೆಳಿಗ್ಗೆ ನೆರಳಿನ ತುದಿ ವೃತ್ತದೊಳಗೆ ಬರುವ ಜಾಗ, ಮಧ್ಯಾಹ್ನದ ಮೇಲೆ ಹೊರಗೆ ಹೋಗುವ ಜಾಗ ಎರಡಕ್ಕೂ ಗುರುತು ಹಾಕಿ ಸೇರಿಸಿದರೆ ಅದೇ ಪೂರ್ವಪಶ್ಚಿಮ. ಇಷ್ಟೆಲ್ಲ ಮಾಡಿದ ಮೇಲೂ ಕೈಗಡಿಯಾರಕ್ಕೆ ಹೊಂದಲಿಲ್ಲ ಎಂದು ದೂರಬೇಡಿ. ಭಾರತೀಯ ಕಾಲಮಾನ 82.5 ಡಿಗ್ರಿ ರೇಖಾಂಶದ್ದು. ಬೆಂಗಳೂರಿನ ಸೂರ್ಯ ಅದಕ್ಕಿಂತ ಸುಮಾರು 20 ನಿಮಿಷ ಹಿಂದೆ, ಮಂಗಳೂರಿನವನು 30 ನಿಮಿಷ ಹಿಂದೆ. ಅದರ ಮೇಲೆ ಋತುವಿನ ಏರಿಳಿತ ಬೇರೆ: ಬೆಂಗಳೂರಿನ ನಡುಹಗಲು ನವೆಂಬರ್ ಮೊದಲಲ್ಲಿ 12:04ರ ಹತ್ತಿರ, ಫೆಬ್ರವರಿ ಮಧ್ಯದಲ್ಲಿ 12:34ರ ಹತ್ತಿರ. ಆಟಕ್ಕೆ ಸೂರ್ಯನ ಗಂಟೆಯನ್ನೇ ಪ್ರಮಾಣವಾಗಿ ಹಿಡಿಯಿರಿ. ದೀಪವೇ ಇಲ್ಲದ ನಾಡಿನಲ್ಲಿ ಕೈಗಡಿಯಾರ ಎಲ್ಲಿಂದ ಬರಬೇಕು?

ನೆರಳುಕಟ್ಟಿನ ಮುಖ್ಯ ಒಗಟಿಗೂ ಇದೇ ರೋಗ. ‘ನಡುವಗಲ ನೆೞಲ್ ಬಡಗಣ ಬಟ್ಟೆಯಂ ತೋರ್ಕುಂ’, ಅಂದರೆ ನಡುಹಗಲಿನ ನೆರಳು ಉತ್ತರದ ದಾರಿ ತೋರಿಸುತ್ತದೆ, ಎಂದು ಕಡತ ಹೇಳುತ್ತದೆ. ಲಂಡನ್ನಿನಲ್ಲಿ ವರ್ಷವಿಡೀ ನಿಜ. ಬೆಂಗಳೂರಿನಲ್ಲಿ ಏಪ್ರಿಲ್ 24-25ರ ಸುಮಾರಿಗೆ ಸೂರ್ಯ ನೆತ್ತಿಗೆ ಬಂದು, ನೆಟ್ಟ ಕೋಲಿಗೆ ಕ್ಷಣಕಾಲ ನೆರಳೇ ಇರುವುದಿಲ್ಲ. ಅಲ್ಲಿಂದ ಆಗಸ್ಟ್ 18ರ ತನಕ ನಡುಹಗಲಿನ ನೆರಳು ಬೀಳುವುದು ದಕ್ಷಿಣಕ್ಕೆ. ಬೇಸಿಗೆ ರಜೆಯಲ್ಲಿ ಆಡುವವರು ತೆಂಕಣಕ್ಕೆ ಹೊರಟು ಖಾಲಿ ಗೋಡೆಗೆ ಮುಖ ಮಾಡಿ ನಿಲ್ಲುತ್ತಾರೆ. ಜಾಣ ಗೇಮ್ ಮಾಸ್ಟರಾದರೆ ಈ ತಪ್ಪನ್ನೇ ಕಥೆಗೆ ಎಳೆದುಕೊಳ್ಳಬಹುದು: ಗ್ರಂಥ ಬರೆದವನು ಪರದೇಶಿ, ಅವನ ಮಾತು ಈ ನೆಲದಲ್ಲಿ ವರ್ಷಕ್ಕೆ ನಾಲ್ಕು ತಿಂಗಳು ಸುಳ್ಳು, ನೆರಳಿಲ್ಲದ ಆ ಎರಡು ದಿನ ಕಟ್ಟು ಸಡಿಲ. ಬೆಂಗಳೂರಿನಲ್ಲಿ ಆ ಗಳಿಗೆ ಏಪ್ರಿಲ್‌ನಲ್ಲಿ 12:17ರ ಆಸುಪಾಸು, ಆಗಸ್ಟ್‌ನಲ್ಲಿ 12:24ರ ಆಸುಪಾಸು. ಕಲಬುರಗಿಯವರಿಗೆ ಮೇ ಎರಡನೇ ವಾರ, ಮತ್ತೆ ಆಗಸ್ಟ್ ಮೊದಲ ವಾರ. ಸಂಕ್ರಾಂತಿಯ ಸಂಜೆ ನಂದಿಯ ಕೊಂಬುಗಳ ನಡುವಿನಿಂದ ಬಿಸಿಲು ಲಿಂಗದ ಮೇಲೆ ಬೀಳುವ ಗವಿ ಗಂಗಾಧರೇಶ್ವರ ಇದೇ ಊರಲ್ಲಿರುವಾಗ, ಒಗಟಿಗೆ ಅಷ್ಟು ದೂರದ ಸೂರ್ಯನನ್ನು ತರಬೇಕಿತ್ತೇ ಅನ್ನಿಸುತ್ತದೆ.

ಕಡತದ ವಿಷಯಕ್ಕೆ ಬಂದರೆ ಶಹಬ್ಬಾಸ್ ಅನ್ನಲೇಬೇಕು. ಕಡತ ಅಂದರೆ ಈಗ ಎಲ್ಲರಿಗೂ ಸರ್ಕಾರಿ ಕಚೇರಿಯ ಫೈಲು. ಮೊದಲು ಅದು ಹುಣಸೆಬೀಜದ ಸರಿಗೆ ಇದ್ದಿಲಪುಡಿ ಕಲಸಿ ಬಟ್ಟೆಗೆ ಸವರಿ, ಒಣಗಿಸಿ, ಮಡಿಕೆ ಮಡಿಕೆಯಾಗಿ ಮಡಿಸಿ, ಬಳಪದಿಂದ ಬರೆಯುತ್ತಿದ್ದ ಕಪ್ಪು ಪುಸ್ತಕ. ಶೃಂಗೇರಿ ಮಠದ ಕಡತಗಳ ಹೆಸರು ಇತಿಹಾಸ ಓದಿದವರಿಗೆ ಗೊತ್ತಿರುತ್ತದೆ. ಇವರು ಕಪ್ಪು ಪೇಂಟ್ ಬಳಿದು ಕೈತೊಳೆದುಕೊಂಡಿಲ್ಲ, ಹುಣಸೆಬೀಜದ ಸರಿಯನ್ನೇ ಹಾಕಿದ್ದಾರೆ. ಒದ್ದೆ ಬೆರಳಲ್ಲಿ ಉಜ್ಜಿದರೆ ಕಪ್ಪು ಅಂಟುತ್ತದೆ, ಅದೇ ಸಾಕ್ಷಿ. ಬಳಪದ ಬರಹ ಒರೆಸಿ ಮತ್ತೆ ಬರೆಯಬಹುದಾದ್ದರಿಂದ ಒಂದೇ ಕಡತ ಎರಡು ಮೂರು ಕ್ಯಾಂಪೇನಿಗೆ, ಅಂದರೆ ಹಲವು ಕೂಟಗಳಲ್ಲಿ ಮುಂದುವರಿಯುವ ಕಥೆಗಳಿಗೆ, ಆಗುತ್ತದೆ. ಲೇಪ ದಪ್ಪವಾದ ಕಡೆ, ಮುಖ್ಯವಾಗಿ ನಾಲ್ಕು ಮತ್ತು ಐದನೇ ಮಡಿಕೆಯ ಸಂದಿಯಲ್ಲಿ, ಬಿರುಕು ಬಿಟ್ಟಿದೆ. ಆ ಮಡಿಕೆಯನ್ನು ಪೂರ್ತಿ ಹಿಂದಕ್ಕೆ ಬಗ್ಗಿಸಬೇಡಿ. ಬಿರುಕಿಗೆ ತೆಳ್ಳಗಿನ ಹುಣಸೆಬೀಜದ ಸರಿಯೇ ಮದ್ದು, ಫೆವಿಕಾಲ್ ಹಚ್ಚಿದರೆ ಆ ಜಾಗದಲ್ಲಿ ಬಳಪ ಹಿಡಿಯುವುದಿಲ್ಲ. ಸರಿ ಇದ್ದಲ್ಲಿ ಜಿರಲೆ, ಬೆಳ್ಳಿಹುಳ ಬಂದೇ ಬರುತ್ತವೆ. ಒಣಗಿದ ಬೇವಿನ ಸೊಪ್ಪು ಇಲ್ಲವೇ ಒಂದು ತುಂಡು ಬಜೆ ಜೊತೆಗಿಟ್ಟು ಸುತ್ತಿಡಿ. ಮಳೆಗಾಲದಲ್ಲಿ ವಾರಕ್ಕೊಮ್ಮೆ ಬಿಚ್ಚಿ ಗಾಳಿಗೆ ಹಾಕದಿದ್ದರೆ ಬೂಷ್ಟು ಹಿಡಿಯುತ್ತದೆ.

ಹಳಗನ್ನಡದ ಗತ್ತು ಕೊಡಲು ಱ, ೞ ಬಳಸಿದ್ದಾರೆ. ನೇಸಱ್, ನೆೞಲ್, ಪೊೞ್ತು ಸರಿಯಾಗಿವೆ. ‘ಬೆಳಗು’ ಎಂಬುದಕ್ಕೂ ೞ ಹಚ್ಚಿ ‘ಬೆೞಗು’ ಮಾಡಿರುವುದು ತಪ್ಪು, ಅದು ಹುಟ್ಟಿನಿಂದಲೇ ಳಕಾರದ ಪದ. ಒಂಬತ್ತನೇ ಮಡಿಕೆಯಲ್ಲಿ ಎರಡು ಕಡೆ ಇದೆ. ಪುಣ್ಯಕ್ಕೆ ಬಳಪದ ಬರಹ, ಒರೆಸಿ ತಿದ್ದಬಹುದು.

ಇಡೀ ಪೆಟ್ಟಿಗೆಯಲ್ಲಿ ನಿಜವಾಗಿ ಮೈ ಜುಮ್ಮೆನಿಸುವುದು ನೀಲಿಕಟ್ಟು. ಇದು 1842ರಲ್ಲಿ ಜಾನ್ ಹರ್ಷೆಲ್ ಕಂಡುಹಿಡಿದ ಸಯನೋಟೈಪ್, ಹಳೆಯ ಎಂಜಿನಿಯರುಗಳ ಬ್ಲೂಪ್ರಿಂಟ್. ಕಬ್ಬಿಣದ ಲವಣ ಸವರಿದ ಹಾಳೆಯ ಮೇಲೆ ಕಪ್ಪು ಅಕ್ಷರದ ಪಾರದರ್ಶಕ ಫಿಲ್ಮ್ ಇಟ್ಟು, ಮೇಲೆ ಫೋಟೋ ಫ್ರೇಮಿನ ಗಾಜು ಹೊದಿಸಿ, ಎರಡು ಕಡೆ ಕ್ಲಿಪ್ ಹಾಕಿ ಬಿಸಿಲಿಗಿಡಬೇಕು. ಕ್ಲಿಪ್ ಸಡಿಲವಿದ್ದರೆ ಅಕ್ಷರದ ಅಂಚು ಮಸುಕಾಗುತ್ತದೆ. ಇಡುವಾಗ ಹಾಳೆ ಎಳೆನಿಂಬೆಯ ಹಸಿರುಹಳದಿ. ಅರ್ಧ ನಿಮಿಷದಲ್ಲಿ ಅಂಚು ಹಸಿರುನೀಲಿಗೆ ತಿರುಗುತ್ತದೆ, ಆಮೇಲೆ ಗಾಢ ನೀಲಿ. ಆಟಗಾರರು ಇಲ್ಲೇ ‘ಆಯ್ತು’ ಎಂದು ಎತ್ತಿಬಿಡುತ್ತಾರೆ. ಎತ್ತಬಾರದು. ನೀಲಿ ದಾಟಿ, ಬೂದಿ ಬಣ್ಣ ಬಂದು, ಅದರ ಮೇಲೆ ಹಳೆ ಕಂಚಿನ ಹೊಳಪು ಮೂಡಬೇಕು. ಅಷ್ಟರವರೆಗೂ ಹಾಳೆಯ ಮೇಲೆ ಬಿಳಿ ಅಕ್ಷರ ಮೂಡಿರುವುದಿಲ್ಲ. ನೀರಿಗಿಳಿಸಿದ ಕೂಡಲೇ ಹಳದಿ ಕರಗಿ ಹೋಗಿ, ಬೂದಿ ಮತ್ತೆ ನೀಲಿಯಾಗಿ, ಬಿಳಿ ಅಕ್ಷರ ಎದ್ದು ನಿಲ್ಲುತ್ತದೆ. ಮೇಜಿನ ಸುತ್ತ ಕೂತವರು ಸುಮ್ಮನಾಗುವ ಗಳಿಗೆ ಇದು.

ಮಾರ್ಚ್-ಏಪ್ರಿಲ್‌ನ ನಡುಹಗಲಿಗೆ 5 ನಿಮಿಷ ಸಾಕು. ಡಿಸೆಂಬರಿನ ಬೆಳಿಗ್ಗೆ ಒಂಬತ್ತಕ್ಕೆ 10ರಿಂದ 12. ಮೋಡ ಕವಿದ ಮಳೆಗಾಲದ ದಿನ ಅರ್ಧ ಗಂಟೆಯಾದರೂ ಆಶ್ಚರ್ಯವಿಲ್ಲ. ಕಿರುಹೊತ್ತಗೆಯಲ್ಲಿ ಎಲ್ಲ ಕಾಲಕ್ಕೂ ‘15 ನಿಮಿಷ’ ಎಂದು ಒಂದೇ ಲೆಕ್ಕ ಕೊಟ್ಟಿದ್ದಾರೆ, ಅದನ್ನು ನಂಬಿದರೆ ಬೇಸಿಗೆಯಲ್ಲಿ ಬಿಳಿ ಅಕ್ಷರವೂ ನೀಲಿಗೆ ತಿರುಗೀತು. ಗಡಿಯಾರ ಬಿಟ್ಟು ಹಾಳೆಯ ಬಣ್ಣ ನೋಡಿ.

ಕೆಡುವುದು ಹೆಚ್ಚಾಗಿ ತೊಳೆಯುವಾಗ. ಬೋರ್‌ವೆಲ್ ನೀರು ಗಡಸು, ಕ್ಷಾರದ ಕಡೆ ವಾಲಿರುತ್ತದೆ, ಈ ನೀಲಿಗೆ ಕ್ಷಾರವೇ ಶತ್ರು. ಕಣ್ಣೆದುರೇ ನೀಲಿ ತೆಳುವಾಗಿ ಹೋಗುತ್ತದೆ. ಮೊದಲ ತೊಳೆತದ ಒಂದು ಲೀಟರ್ ನೀರಿಗೆ ಒಂದು ಚಮಚ ವಿನೆಗರ್ ಇಲ್ಲವೇ ಅರ್ಧ ಹೋಳು ನಿಂಬೆರಸ ಹಾಕಿ. ಹಳದಿ ಪೂರ್ತಿ ಹೋಗುವವರೆಗೆ, ಅಂದರೆ ಐದರಿಂದ ಹತ್ತು ನಿಮಿಷ ತೊಳೆದು ನೆರಳಲ್ಲಿ ಒಣಗಿಸಿ. ಹಳದಿ ಉಳಿದರೆ ಬಿಳಿ ಜಾಗ ಆಮೇಲೆ ನಿಧಾನಕ್ಕೆ ನೀಲಿಗಟ್ಟುತ್ತದೆ. ನೀಲಿ ಪೂರ್ತಿ ಗಾಢವಾಗಲು ಒಂದು ದಿನ ಬೇಕು. ಆಟದ ನಡುವೆ ಕಾಯಲಾಗದಿದ್ದರೆ ಕೊನೆಯ ನೀರಿಗೆ ಮೆಡಿಕಲ್ ಶಾಪಿನ ಹೈಡ್ರೋಜನ್ ಪೆರಾಕ್ಸೈಡ್ ಒಂದು ಮುಚ್ಚಳ ಹಾಕಿ, ಒಂದೇ ಕ್ಷಣದಲ್ಲಿ ಕಡುನೀಲಿ. ಮುಗಿದ ಹಾಳೆಯನ್ನು ಬಿಸಿಲು ಬೀಳುವ ಗೋಡೆಗೆ ತೂಗುಹಾಕಿ ಮಾಸಿಹೋದರೆ ಬಿಸಾಡಬೇಡಿ, ಕೆಲ ದಿನ ಕತ್ತಲೆಯ ಕಪಾಟಿನಲ್ಲಿಟ್ಟರೆ ಬಣ್ಣ ಬಹುಮಟ್ಟಿಗೆ ಮರಳುತ್ತದೆ. ಪಾರ್ಸಲ್ ಬಂದ ದಿನವೇ ಮಂದ ಬೆಳಕಿನಲ್ಲಿ ಕವರಿನ ಮೂಲೆ ಬಿಚ್ಚಿ ನೋಡಿ: ಹಾಳೆ ಹಸಿರುಹಳದಿ ಇದ್ದರೆ ಸರಿ, ಆಗಲೇ ನೀಲಿ ಹೊಡೆಯುತ್ತಿದ್ದರೆ ತೇವ ತಗುಲಿ ಕೆಟ್ಟಿದೆ. ನಮಗೆ ಬಂದ ಆರರಲ್ಲಿ ಎರಡು ಹಾಗಿದ್ದವು. ಸವರಿದ ಹಾಳೆ ತಿಂಗಳುಗಟ್ಟಲೆ ಬಾಳುವ ವಸ್ತುವಲ್ಲ, ಮಾರುವವರು ಸವರಿದ ತಾರೀಖನ್ನು ಕವರಿನ ಮೇಲೆ ಹಾಕಬೇಕಿತ್ತು.

ಕಿಚ್ಚುಕಟ್ಟಿಗೆ ಮೇಲ್ರಟ್ಟಿನ ಭೂತಗನ್ನಡಿ. 75 ಮಿ.ಮೀ. ಅಗಲ, 20 ಸೆಂ.ಮೀ. ಸಂಗಮದೂರ. ಕೆಳಗೆ ಬೀಳುವ ಚುಕ್ಕೆ ಎರಡು ಮಿ.ಮೀ.ಗಿಂತ ಚೂರು ಕಡಿಮೆ. ಅದು ಬರಿಯ ಚುಕ್ಕೆಯಲ್ಲ, ಸೂರ್ಯನ ಪುಟ್ಟ ಬಿಂಬ. ಗ್ರಹಣದ ದಿನವಾದರೆ ಅಲ್ಲಿ ಕುಡುಗೋಲು ಕಾಣುತ್ತದೆ. ಗ್ರಂಥದ ವಿಧಿಯಂತೆ ಕರ್ಪೂರಕ್ಕೆ ಹಿಡಿದರೆ ಬಹಳ ಹೊತ್ತು ಏನೂ ಆಗುವುದಿಲ್ಲ, ಏಕೆಂದರೆ ಬಿಳಿ ಕರ್ಪೂರ ಬೆಳಕನ್ನು ಹೀರುವುದಕ್ಕಿಂತ ಹಿಂದಕ್ಕೆಸೆಯುವುದೇ ಹೆಚ್ಚು. ಕರ್ಪೂರದ ಮೇಲೆ ದೀಪದ ಮಸಿ ಚೂರು ಸವರಿ, ಇಲ್ಲವೇ ಸುಟ್ಟು ಕರಿಯಾದ ಹತ್ತಿಬಟ್ಟೆಯ ಚೂರಿಗೆ ಕಿಡಿ ಹಿಡಿಸಿ ಅದರಿಂದ ಹಚ್ಚಿ. ಮಣ್ಣಿನ ತಟ್ಟೆ, ಪಕ್ಕದಲ್ಲಿ ಒಂದು ಚೊಂಬು ನೀರು, ಹಿಡಿಯುವವರು ದೊಡ್ಡವರು. ಗಾಜಿನ ಮೂಲಕ ಸೂರ್ಯನನ್ನು ಒಂದು ಕ್ಷಣವೂ ನೋಡಬಾರದು. ಚುಕ್ಕೆಯನ್ನೇ ದಿಟ್ಟಿಸುವುದೂ ಬೇಡ, ಕಪ್ಪು ಕನ್ನಡಕ ಹಾಕಿಕೊಳ್ಳಿ.

ಇಲ್ಲಿ ವಿನ್ಯಾಸದ ತಪ್ಪೂ ಒಂದಿದೆ. ಗಾಜಿಗೆ ಮುಚ್ಚಳವಾಗಿ ಒಂದು ತಿರುಗುವ ಹಿತ್ತಾಳೆಯ ಬಿಲ್ಲೆ ಇದೆ, ಹತ್ತಿಪ್ಪತ್ತು ಸಲ ತಿರುಗಿಸಿದ ಮೇಲೆ ಅದರ ಸ್ಕ್ರೂ ಸಡಿಲವಾಗಿ ಬಿಲ್ಲೆ ತಾನಾಗಿಯೇ ಜಾರುತ್ತದೆ. ಕಿಟಕಿಯ ಬಳಿ ರಟ್ಟು ತೆರೆದಿಟ್ಟು ಕಾಫಿಗೆ ಎದ್ದುಹೋದರೆ, ವಾಪಸ್ ಬರುವಷ್ಟರಲ್ಲಿ ಪರದೆಗೆ ತೂತು. ಕಡತವೇ ಕಪ್ಪು ಬಟ್ಟೆ, ಅದಂತೂ ಮೊದಲು ಹೊತ್ತಿಕೊಳ್ಳುತ್ತದೆ. ಹಾರ್ಡ್‌ವೇರ್ ಅಂಗಡಿಯ ಸ್ಪ್ರಿಂಗ್ ವಾಷರ್ ಒಂದನ್ನು ಸ್ಕ್ರೂ ಅಡಿಗೆ ಹಾಕಿ ಬಿಗಿದುಕೊಳ್ಳಿ, ಆಡದಿರುವಾಗ ಗಾಜನ್ನು ಬಟ್ಟೆಯಲ್ಲಿ ಸುತ್ತಿಡಿ.

ಅಡಗುಕಟ್ಟು ಬಿಸಿಲಿಗೆ ನೇರಳೆಯಾಗಿ ಮೂಡಿ, ಒಳಗೆ ತಂದರೆ ಒಂದೆರಡು ನಿಮಿಷದಲ್ಲಿ ಮಾಯವಾಗುವ ಶಾಯಿಯದು, ಕೊನೆಯ ಮೂರು ಮಡಿಕೆಗೆ ಅಂಟಿಸಿದ ಬಿಳಿ ಪಟ್ಟಿಯ ಮೇಲಿದೆ. ಬಿಸಿಲು ಜೋರಿದ್ದಷ್ಟೂ ಅಕ್ಷರ ಗಾಢ ಎಂದುಕೊಂಡರೆ ತಪ್ಪು. ಬಿಸಿಲಿಗೆ ಕಪ್ಪಾಗುವ ಕನ್ನಡಕದಂತೆ ಈ ಶಾಯಿಗೂ ಸೆಕೆ ಆಗದು, ಕಾಯ್ದಷ್ಟೂ ಬೇಗ ಬಣ್ಣ ಬಿಡುತ್ತದೆ. ಮೇ ತಿಂಗಳ ರಾಯಚೂರಿನ ಮಧ್ಯಾಹ್ನ ಪೇಲವವಾಗಿ ಕಾಣುವ ಸಾಲು ಜನವರಿಯ ಮಡಿಕೇರಿ ಬೆಳಗಿನಲ್ಲಿ ಸ್ಪಷ್ಟವಾಗಿ ಕಾಣುತ್ತದೆ. ಕಿಟಕಿ ಗಾಜಿನೊಳಗೆ ಮಂದ, ಕಾರಿನ ಮುಂದಿನ ಗಾಜಿನ ಹಿಂದೆ ಏನೂ ಇಲ್ಲ. ಗಂಟೆಗಟ್ಟಲೆ ಬಿಸಿಲಲ್ಲಿಟ್ಟರೆ ಶಾಯಿ ದಣಿದು ಕೊನೆಗೆ ಮೂಡುವುದನ್ನೇ ಬಿಡುತ್ತದೆ.

ರಾತ್ರಿ ಒಂಬತ್ತರ ಮೇಲೆ ಸೇರುವ ತಂಡಗಳು ಇದಕ್ಕೆ ದುಡ್ಡು ಹಾಕಬೇಡಿ. ಭಾನುವಾರ ಬೆಳಿಗ್ಗೆ ತಾರಸಿ ಸಿಗುವವರು, ಒಂದು ಮಧ್ಯಾಹ್ನ ಶಂಕು ಕತ್ತರಿಸಿ ಗೆರೆ ಎಳೆಯುವ ತಾಳ್ಮೆ ಇರುವವರು ಧಾರಾಳವಾಗಿ ಕೊಳ್ಳಬಹುದು. ಕಡತ, ನೀಲಿಕಟ್ಟು ಎರಡಕ್ಕೇ ದುಡ್ಡು ಹುಟ್ಟುತ್ತದೆ. ಹೊಸ ಹಾಳೆ ಬಿಡಿಯಾಗಿ ಮಾರುವುದಿಲ್ಲವಂತೆ. ಚಿಂತೆ ಬೇಡ: ಲ್ಯಾಬ್ ಸಾಮಾನಿನ ಅಂಗಡಿಯಿಂದ ಫೆರಿಕ್ ಅಮೋನಿಯಂ ಸಿಟ್ರೇಟ್, ಪೊಟ್ಯಾಸಿಯಂ ಫೆರಿಸಯನೈಡ್ ತನ್ನಿ. ಮೊದಲಿನದು 25 ಗ್ರಾಂ, ಎರಡನೆಯದು 10 ಗ್ರಾಂ, ಎರಡನ್ನೂ ನೀರಿನಲ್ಲಿ ಬೇರೆ ಬೇರೆ ಕರಗಿಸಿ ತಲಾ 100 ಮಿ.ಲೀ. ಮಾಡಿ ಕಂದು ಸೀಸೆಗಳಲ್ಲಿಡಿ. ಬೇಕಾದಾಗ ಸಮಸಮ ಬೆರೆಸಿ, ಮಂದ ಬೆಳಕಿನಲ್ಲಿ ಮೆತ್ತನೆ ಬ್ರಷ್‌ನಿಂದ ಜಲವರ್ಣದ ಕಾಗದಕ್ಕೆ ಸವರಿ ಕತ್ತಲಲ್ಲಿ ಒಣಗಿಸಿ. ಎ4 ಹಾಳೆಗೆ ಎರಡು ಮೂರು ಮಿ.ಲೀ. ಸಾಕು. ಲೋಹದ ಹಿಡಿಯಿರುವ ಬ್ರಷ್ ಬೇಡ, ಕಬ್ಬಿಣ ತಗುಲಿದ ಕಡೆ ನೀಲಿ ಚುಕ್ಕೆ ಬೀಳುತ್ತದೆ. ಅಡುಗೆ ಪಾತ್ರೆ ಬಳಸಬೇಡಿ, ಫೆರಿಸಯನೈಡಿನ ಹತ್ತಿರ ಟಾಯ್ಲೆಟ್ ಕ್ಲೀನರಿನಂಥ ಪ್ರಬಲ ಆಮ್ಲವನ್ನು ಸುಳಿಯಗೊಡಬೇಡಿ, ವಿಷಾನಿಲ ಬರುತ್ತದೆ. ಹೊಸ ಮಂತ್ರಕ್ಕೆ ಫಿಲ್ಮ್ ಬೇಕೆಂದರೆ ಕಪ್ಪು ಅಕ್ಷರದ ಪುಟವನ್ನು ಜೆರಾಕ್ಸ್ ಅಂಗಡಿಯಲ್ಲಿ ಪಾರದರ್ಶಕ ಪ್ಲಾಸ್ಟಿಕ್ಕಿನ ಓಎಚ್‌ಪಿ ಶೀಟಿಗೆ ಹಾಕಿಸಿ. ಕಪ್ಪು ತೆಳುವಾಗಿ ಬಂದರೆ ಅಕ್ಷರದೊಳಗೂ ನೀಲಿ ನುಸುಳುತ್ತದೆ. ಹಾಗಾದಾಗ ಎರಡು ಪ್ರತಿ ತೆಗೆದು, ಅಕ್ಷರದ ಮೇಲೆ ಅಕ್ಷರ ಕೂರಿಸಿ, ಮೂಲೆಗಳಿಗೆ ಟೇಪ್ ಹಾಕಿ ಒಂದೇ ಫಿಲ್ಮ್‌ನಂತೆ ಬಳಸಿ.